ಸಂದರ್ಶನ ಯಾವ ಭಾಷೆಯಲ್ಲಿ ನಡೆಯಿತು

ವಿದ್ಯಾಸಂಸ್ಥೆಯೊಂದರ ಆಡಳಿತ ಮಂಡಳಿಗೆ ನಿಮ್ಮನ್ನು ಯಾರಾದರೂ ಕರೆದರೆ, ಹಾರಕ್ಕೆ ಕೊರಳು ಒಡ್ಡುವ ಮೊದಲು ಯಾಕೆ ಕರೆದರು ಎಂದು ಒಮ್ಮೆ ಯೋಚಿಸಿ. ನನ್ನನ್ನು ಕರೆದದ್ದಂತೂ ನನ್ನ ವಿದ್ಯೆ ನೋಡಿ ಅಲ್ಲ. ಮ್ಯಾಟ್ರಿಕ್ಕಿನ ಬಾಗಿಲು ತಟ್ಟಿ ಹಿಂದಕ್ಕೆ ಬಂದವನು ನಾನು. ಬಾಗಲಕೋಟೆ ಕಡೆಯಿಂದ ಪುಣೆಗೆ ಬಂದು, ಮಾರ್ಕೆಟ್ ಯಾರ್ಡಿನಲ್ಲಿ ಬೇರೆಯವರ ಮೆಣಸಿನಕಾಯಿ ಚೀಲಗಳ ನಡುವೆ ಸೀನುತ್ತಾ ವ್ಯಾಪಾರ ಕಲಿತು, ಆಮೇಲೆ ನನ್ನದೇ ಅಡತಿ ಅಂಗಡಿ ಹಾಕಿದವನು. ಯಾರ್ಡಿನ ಕನ್ನಡ ವ್ಯಾಪಾರಿಗಳ ಮತಗಳು ನನ್ನ ಹಿಂದೆ ಇದ್ದವು. ಮಂಡಳಿಯ ಚುನಾವಣೆಗೆ ಅವು ಬೇಕಾಗಿದ್ದವು. ಅದಕ್ಕಾಗಿ ಕರೆದರು. ನನಗೆ ಗೊತ್ತಿತ್ತು, ಗೊತ್ತಿದ್ದೇ ಹೋದೆ.

ಆ ಸಂಸ್ಥೆಯನ್ನು ಊರಿನ ಕನ್ನಡಿಗರು ಎಂದೋ ಕಟ್ಟಿದ್ದರು. ಕಲೆ ಮತ್ತು ವಾಣಿಜ್ಯದ ಒಂದು ಕಾಲೇಜು ಅದರ ಹೆಮ್ಮೆ. ತೊಂಬತ್ತರ ದಶಕದ ಕೊನೆಗೆ ನಾನು ಒಳಗೆ ಹೋಗುವಷ್ಟರಲ್ಲಿ ಕಾಲೇಜಿನ ಹುಡುಗರೆಲ್ಲ ಮರಾಠಿಯವರೇ ಆಗಿದ್ದರು, ಅಧ್ಯಾಪಕರಲ್ಲೂ ಬಹಳ ಮಂದಿ ಮರಾಠಿಯವರೇ. ಮಂಡಳಿಯ ಸಭೆ ಮಾತ್ರ ಧಾರವಾಡದ ಯಾವುದೋ ಮನೆಯ ಪಡಸಾಲೆಯಲ್ಲಿ ನಡೆದ ಹಾಗೆ ನಡೆಯುತ್ತಿತ್ತು. ಒಬ್ಬರ ಮಗಳ ಬಾಣಂತನ, ಇನ್ನೊಬ್ಬರ ಮೊಣಕಾಲು ನೋವು, ಅವಲಕ್ಕಿ, ಚಹಾ, ನಡುನಡುವೆ ಠರಾವುಗಳು.

ಹೊಸ ಶತಮಾನ ಶುರುವಾದ ಹೊತ್ತಿಗೆ ನಮ್ಮ ಹಳೆಯ ಪ್ರಾಚಾರ್ಯರು ನಿವೃತ್ತರಾದರು. ಅವರ ಜಾಗಕ್ಕೆ ಕಾಲೇಜಿನ ಒಳಗಿನಿಂದಲೇ ಇಬ್ಬರು ಅರ್ಜಿ ಹಾಕಿದರು. ಒಬ್ಬರು ಅರ್ಥಶಾಸ್ತ್ರದ ಪ್ರಾಧ್ಯಾಪಕಿ. ಧಾರವಾಡದವರು, ಮದುವೆ ಆಗಿರಲಿಲ್ಲ, ವಯಸ್ಸಾದ ತಾಯಿಯೊಂದಿಗೆ ಕಾಲೇಜಿನ ಹತ್ತಿರವೇ ಇದ್ದರು. ಇನ್ನೊಬ್ಬರು ಉಪಪ್ರಾಚಾರ್ಯರು. ವಾಣಿಜ್ಯ ಕಲಿಸುತ್ತಿದ್ದ ಮರಾಠಿ ಗೃಹಸ್ಥರು, ಇಸ್ತ್ರಿ ಕೆಡದ ಅಂಗಿ, ಕೆಡದ ಮಾತು. ಇಬ್ಬರೂ ಯೋಗ್ಯರು ಎಂದೇ ಎಲ್ಲರೂ ಹೇಳುತ್ತಿದ್ದರು. ಇಬ್ಬರೂ ಯೋಗ್ಯರು ಎಂದು ಎಲ್ಲರೂ ಹೇಳುವಲ್ಲಿ ಒಬ್ಬರು ಕೋರ್ಟಿಗೆ ಹೋಗುವುದು ಖಂಡಿತ ಎಂದು ನಾನು ಅಂಗಡಿಯಲ್ಲಿ ಕುಳಿತೇ ಹೇಳಿದ್ದೆ.

ಪ್ರಾಚಾರ್ಯರ ಆಯ್ಕೆ ಮಂಡಳಿಯವರ ಕೈಯಲ್ಲಷ್ಟೇ ಇರುವುದಿಲ್ಲ. ಆಯ್ಕೆ ಸಮಿತಿ ಕೂರಬೇಕು, ಅದರಲ್ಲಿ ವಿಶ್ವವಿದ್ಯಾಲಯದ ಪ್ರತಿನಿಧಿ ಇರಬೇಕು, ಸರ್ಕಾರದ ಅಧಿಕಾರಿ ಇರಬೇಕು. ಆಯ್ಕೆಯಾದ ಮೇಲೆ ವಿಶ್ವವಿದ್ಯಾಲಯ ಮಾನ್ಯತೆ ಕೊಡಬೇಕು. ನಮ್ಮ ಸಮಿತಿಯಲ್ಲಿ ಈ ಇಬ್ಬರು ಹೊರಗಿನವರು, ಮಂಡಳಿಯ ಕಡೆಯಿಂದ ಮೂವರು: ಅಧ್ಯಕ್ಷರು, ಒಬ್ಬ ಹಲ್ಲಿನ ಡಾಕ್ಟರು, ಮತ್ತು ನಾನು.

ಅಧ್ಯಕ್ಷರ ಬಗ್ಗೆ ಹೇಳಬೇಕು. ಬೆಳಗಾವಿ ಕಡೆಯವರು, ಕಟ್ಟಡಗಳ ಗುತ್ತಿಗೆದಾರರು. ತುಂಬು ಕಂಠ, ತುಂಬು ಕೈ. ಯಾರ ಮನೆಯಲ್ಲಿ ಸಾವಾದರೂ ಮೊದಲು ಬಂದು ನಿಲ್ಲುವವರು ಅವರೇ. ಪ್ರಾಧ್ಯಾಪಕಿ ಅವರನ್ನು ಅಣ್ಣಾ ಎಂದೇ ಕರೆಯುತ್ತಿದ್ದರು. ಅಧ್ಯಕ್ಷರ ಹೆಂಡತಿ ಹಬ್ಬ ಬಂದಾಗಲೆಲ್ಲ ಅವರನ್ನು ಕರೆಸಿ ಮನೆಮಗಳಂತೆ ಉಡಿ ತುಂಬುತ್ತಿದ್ದರು. ಆದರೂ ಒಂದು ಸಂಗತಿ ನನ್ನ ಕಣ್ಣಿಗೆ ಬಿದ್ದಿತ್ತು. ಹಿಂದಿನ ವರ್ಷ ಪ್ರವೇಶದ ಸಮಯದಲ್ಲಿ ಅಧ್ಯಕ್ಷರು ಶಿಫಾರಸಿನ ಚೀಟಿ ಕೊಟ್ಟು ಕಳಿಸಿದ ಹುಡುಗರನ್ನು, ಪ್ರವೇಶ ನೋಡಿಕೊಳ್ಳುತ್ತಿದ್ದ ಪ್ರಾಧ್ಯಾಪಕಿ ನಗುನಗುತ್ತಲೇ ಹಿಂದಕ್ಕೆ ಕಳಿಸಿದ್ದರು. "ಅಣ್ಣಾ, ಮಾರ್ಕು ಇಲ್ಲದವರನ್ನ ನಾ ತಗೋಳೂದಿಲ್ಲ, ನೀವ ಬೈದ್ರೂ ಸೈ" ಎಂದು ಸಭೆಯಲ್ಲೇ ಹೇಳಿದ್ದರು. ಅಧ್ಯಕ್ಷರೂ ನಕ್ಕಿದ್ದರು. ಅವರು ನಗುವಾಗ ಚಹಾದ ಕಪ್ಪನ್ನು ತಟ್ಟೆಯ ಮೇಲೆ ಗಿರ್ರನೆ ತಿರುಗಿಸಿದ್ದು ನನಗೆ ಕಂಡಿತ್ತು.

ಸಂದರ್ಶನದ ದಿನ ಮೊದಲು ಉಪಪ್ರಾಚಾರ್ಯರು ಬಂದರು. ಅಧ್ಯಕ್ಷರು ಇಂಗ್ಲಿಷಿನಲ್ಲಿ ಕೇಳಿದರು, ಅವರು ಇಂಗ್ಲಿಷಿನಲ್ಲೇ ಹೇಳಿದರು. ವಿಶ್ವವಿದ್ಯಾಲಯದ ಪ್ರತಿನಿಧಿ ಒಬ್ಬ ನಿವೃತ್ತ ಮರಾಠಿ ಪ್ರಾಚಾರ್ಯರು; ಉಪಪ್ರಾಚಾರ್ಯರು ಹೇಳಿದ್ದನ್ನೆಲ್ಲ ಅವರು ಬರೆದುಕೊಂಡರು. ನಾನು ಮರಾಠಿಯಲ್ಲಿ ಒಂದು ಪ್ರಶ್ನೆ ಕೇಳಿದೆ. ಗಿರಾಕಿ ಯಾವ ಭಾಷೆ ಆಡುತ್ತಾನೋ ಅದರಲ್ಲೇ ದರ ಹೇಳಬೇಕು, ಪಕ್ಕದಲ್ಲಿ ನಿಂತವನಿಗೂ ಕೇಳುವ ಹಾಗೆ ಹೇಳಬೇಕು. ಆಮೇಲೆ ಜಗಳ ಬರುವುದಿಲ್ಲ. ಇದು ಯಾರ್ಡಿನ ರೂಢಿ.

ಆಮೇಲೆ ಪ್ರಾಧ್ಯಾಪಕಿ ಬಂದರು. ಇಳಕಲ್ ಸೀರೆ ಉಟ್ಟಿದ್ದರು. ಕೂತ ಕೂಡಲೇ ಅಧ್ಯಕ್ಷರು, "ಬಾ ತಂಗಿ, ಅವ್ವ ಹ್ಯಾಂಗಿದ್ದಾರ? ಮೊಣಕಾಲಿಗೆ ಎಣ್ಣಿ ಹಚ್ಚಿದ್ರೇನು?" ಅಂದರು.

"ಹಚ್ಚೇವಿ ಅಣ್ಣಾ. ಆದ್ರ ನೀವು ಕೊಟ್ಟ ಎಣ್ಣಿ ವಾಸನಿಗೆ ಬೆಕ್ಕು ಮನಿ ಬಿಟ್ಟು ಓಡಿಹೋತು."

ಡಾಕ್ಟರು ನಕ್ಕರು. ಆಮೇಲೆ ಅವರ ತಲೆ ಎಂದಿನಂತೆ ಎದೆಯ ಮೇಲೆ ಬಿತ್ತು. ಅಧ್ಯಕ್ಷರು ಅದೇ ಧಾಟಿಯಲ್ಲಿ ಮುಂದುವರಿದರು. "ಹೇಳವಾ, ಕಾಲೇಜು ನಿನ್ನ ಕೈಯಾಗ ಕೊಟ್ರ ಹ್ಯಾಂಗ ನಡಸ್ತಿ?" ಆಕೆ ಕನ್ನಡದಲ್ಲೇ ಹೇಳತೊಡಗಿದರು. ಚೆನ್ನಾಗಿಯೇ ಹೇಳಿದರು. ಸಂಜೆಯ ಕಾಲೇಜು, ದುಡಿಯುವ ಹುಡುಗಿಯರಿಗೆ ತರಗತಿ, ಗ್ರಂಥಾಲಯ ರವಿವಾರವೂ ತೆರೆದಿರಬೇಕು. ಮನಸ್ಸಿನಲ್ಲಿ ವರ್ಷಗಟ್ಟಲೆ ಇಟ್ಟುಕೊಂಡದ್ದನ್ನೆಲ್ಲ ತವರಿನವರ ಮುಂದೆ ಹೇಳುವಂತೆ ಹೇಳಿದರು. ನಾನು ಕೇಳುತ್ತಾ ಕೂತಿದ್ದೆ, ಆದರೆ ಕಣ್ಣು ವಿಶ್ವವಿದ್ಯಾಲಯದ ಪ್ರತಿನಿಧಿಯ ಕೈಯ ಮೇಲಿತ್ತು. ಅವರು ಪೆನ್ನಿಗೆ ಟೊಪ್ಪಿಗೆ ಹಾಕಿ ಮೇಜಿನ ಮೇಲೆ ಇಟ್ಟಿದ್ದರು. ನಾನು ನಡುವೆ ಬಾಯಿ ಹಾಕಿ ಮರಾಠಿಯಲ್ಲಿ ಒಂದು ಪ್ರಶ್ನೆ ಕೇಳಿದೆ. ಆಕೆ ಮರಾಠಿಯಲ್ಲಿ ಎರಡು ಮಾತು ಹೇಳುವಷ್ಟರಲ್ಲಿ ಅಧ್ಯಕ್ಷರು ಮತ್ತೆ ಕನ್ನಡಕ್ಕೆ ಎಳೆದುಕೊಂಡರು.

ಸಮಿತಿ ಪ್ರಾಧ್ಯಾಪಕಿಯನ್ನೇ ಆಯ್ಕೆ ಮಾಡಿತು. ಸೇವೆಯಲ್ಲಿ ಅವರೇ ಹಿರಿಯರಾಗಿದ್ದರಿಂದ ಪ್ರತಿನಿಧಿಯೂ ಆಗ ತಕರಾರು ಮಾಡಲಿಲ್ಲ. ಅಧ್ಯಕ್ಷರು ಪೇಢೆ ಹಂಚಿದರು, ಅವರ ಮನೆಯಲ್ಲಿ ಮತ್ತೆ ಉಡಿ ತುಂಬಿದರು. ನಮ್ಮ ಜನಕ್ಕೆಲ್ಲ ಸಂತೋಷವಾಯಿತು.

ಆ ಸಂತೋಷ ಆರುವ ಮೊದಲೇ ಉಪಪ್ರಾಚಾರ್ಯರು ಮುಂಬಯಿಗೆ ಹೋಗಿ ಹೈಕೋರ್ಟಿನಲ್ಲಿ ದಾವೆ ಹಾಕಿದರು. ಸಂದರ್ಶನ ಬರೀ ನಾಟಕ. ನನ್ನೊಡನೆ ಇಂಗ್ಲಿಷ್, ತಮ್ಮವರೊಡನೆ ಕನ್ನಡ. ವಿಶ್ವವಿದ್ಯಾಲಯದ ಪ್ರತಿನಿಧಿಗೆ ಒಂದಕ್ಷರವೂ ತಿಳಿಯಲಿಲ್ಲ. ಹೀಗಿರುವಾಗ ಇದು ಆಯ್ಕೆ ಹೇಗಾಯಿತು ಎಂದು ವಾದ. ವಿಶ್ವವಿದ್ಯಾಲಯ ಮಾನ್ಯತೆಯನ್ನು ತಡೆಹಿಡಿಯಿತು, ಕೋರ್ಟು ತಡೆಯಾಜ್ಞೆ ಕೊಟ್ಟಿತು. ಪ್ರಾಧ್ಯಾಪಕಿ ಪ್ರಾಚಾರ್ಯರ ಕುರ್ಚಿಯಲ್ಲಿ ಒಂದು ದಿನವೂ ಕೂರಲಿಲ್ಲ. ಅವರ ನಿವೃತ್ತಿಗೆ ಉಳಿದದ್ದು ಮೂರೇ ವರ್ಷ. ಕೋರ್ಟಿನಲ್ಲಿ ಮೂರು ವರ್ಷ ಎಂದರೆ ಏನು ಎಂದು ಜಾಗದ ತಂಟೆ ಇರುವ ಯಾರನ್ನು ಕೇಳಿದರೂ ಹೇಳುತ್ತಾರೆ.

ಅಧ್ಯಕ್ಷರು ಸಭೆ ಕರೆದು, ತೀರ್ಪು ಬರುವವರೆಗೆ ಪ್ರಭಾರವನ್ನು ಉಪಪ್ರಾಚಾರ್ಯರಿಗೇ ಕೊಡೋಣ ಅಂದರು. ನಾನು ಬೆಚ್ಚಿಬಿದ್ದೆ.

"ನಮ್ಮನ್ನ ಕೋರ್ಟಿಗೆ ಎಳದವರಿಗೇ ಕುರ್ಚಿ ಕೊಡೂದೇನ್ರಿ?"

"ಸಾವಕಾರ್ರ, ನಮ್ಮವರಿಗೆ ಕೊಟ್ರ ಜಜ್ಜರು ಏನಂತಾರ? ಪಕ್ಷಪಾತ ಅಂತಾರ. ನಾವು ದೊಡ್ಡ ಮನಸ್ಸು ತೋರಸೂಣು."

ದೊಡ್ಡ ಮನಸ್ಸು ಎಂಬ ಮಾತು ಬಂದ ಕಡೆ ನಾನು ಸುಮ್ಮನೆ ಕೂರುವವನಲ್ಲ. ಮನೆಗೆ ಬಂದು ಆ ದಾವೆಯ ಮರಾಠಿ ಅನುವಾದವನ್ನು ನಮ್ಮ ಓಣಿಯ ವಕೀಲರೊಬ್ಬರಿಂದ ಓದಿಸಿದೆ. ಅದರಲ್ಲಿ ಒಂದು ಕಡೆ, 'ಅಧ್ಯಕ್ಷರು ಅಭ್ಯರ್ಥಿಯ ತಾಯಿಯ ಮೊಣಕಾಲಿನ ಬಗ್ಗೆ ವಿಚಾರಿಸಿದರು' ಎಂದಿತ್ತು. ವಕೀಲರು ಮುಂದಕ್ಕೆ ಓದುತ್ತಿದ್ದರು. ನಾನು, "ಒಂದ್ ನಿಮಿಷ, ಅದನ್ನ ಮತ್ತೊಮ್ಮೆ ಓದ್ರಿ" ಅಂದೆ.

ಯೋಚನೆ ಮಾಡಿ. ಪ್ರತಿನಿಧಿಗೆ ಕನ್ನಡ ತಿಳಿಯದು ಎಂಬುದೇ ಈ ದಾವೆಯ ಬುಡ. ಸರ್ಕಾರದ ಅಧಿಕಾರಿ ವಿದರ್ಭದವರು, ಅವರಿಗೂ ತಿಳಿಯದು. ಹಾಗಾದರೆ ಮೊಣಕಾಲಿನ ಮಾತು ಬಾಗಿಲ ಹೊರಗೆ ಹೋದದ್ದು ಯಾರಿಂದ? ಕನ್ನಡ ತಿಳಿದವರು ಆ ಕೋಣೆಯಲ್ಲಿ ನಾಲ್ವರೇ. ಡಾಕ್ಟರು ನಿದ್ದೆಯಲ್ಲಿದ್ದರು ಎಂದೇ ಆಗ ಎಣಿಸಿದೆ. ನಾನು ಯಾರಿಗೂ ಹೇಳಿರಲಿಲ್ಲ. ಪ್ರಾಧ್ಯಾಪಕಿ ತಮ್ಮ ಕಾಲಿಗೆ ತಾವೇ ಕೊಡಲಿ ಹಾಕಿಕೊಳ್ಳುವವರಲ್ಲ.

ಅಷ್ಟರಲ್ಲಿ ಉಪಪ್ರಾಚಾರ್ಯರೇ ಒಂದು ದಿನ ಯಾರ್ಡಿಗೆ ಬಂದರು. ವರ್ಷದ ಮೆಣಸಿನಕಾಯಿಯನ್ನು ಅವರು ನನ್ನ ಅಂಗಡಿಯಿಂದಲೇ ಒಯ್ಯುತ್ತಿದ್ದರು. ದಾವೆ ದಾವೆಯ ಜಾಗದಲ್ಲಿ, ಖಾರದ ಪುಡಿ ಖಾರದ ಪುಡಿಯ ಜಾಗದಲ್ಲಿ. ಬ್ಯಾಡಗಿಯನ್ನು ಅಂಗೈಯಲ್ಲಿ ಮುರಿದು ತೋರಿಸುತ್ತಾ, ಒಳಗಿನ ಮಾತು ನಿಮಗೆ ಯಾರು ಹೇಳಿದರು ಎಂದು ನೇರವಾಗಿ ಕೇಳಿದೆ.

"ಶೇಟಜೀ, ಮಲಾ ಕಶಾಲಾ ವಿಚಾರತಾ?" ನನ್ನನ್ನು ಯಾಕೆ ಕೇಳುತ್ತೀರಿ ಎಂದು ಅವರು ನಕ್ಕರು. ಆಮೇಲೆ ಮೆಣಸಿನಕಾಯಿಯ ಬಣ್ಣ ನೋಡುತ್ತಾ ಇನ್ನೊಂದು ಮಾತು ಸೇರಿಸಿದರು. ಕೋರ್ಟಿಗೆ ಹೋಗು ಎಂದು ಅವರ ಹೆಂಡತಿ ಹೇಳಿರಲಿಲ್ಲವಂತೆ, ಗೆಳೆಯರೂ ಹೇಳಿರಲಿಲ್ಲವಂತೆ. "ನಿಮ್ಮಲ್ಲೇ ನನ್ನ ಹಿತ ಬಯಸುವವರು ಇದ್ದಾರೆ" ಎಂದು ಮರಾಠಿಯಲ್ಲಿ ಹೇಳಿ, ಚೌಕಾಸಿ ಮಾಡದೆ ಚೀಲ ಎತ್ತಿಸಿಕೊಂಡು ಹೋದರು.

ನಮ್ಮಲ್ಲೇ. ಆ ಮಾತು ನನ್ನ ಕಿವಿಯೊಳಗೆ ಕೂತುಬಿಟ್ಟಿತು.

ಯಾರ್ಡಿನಲ್ಲಿ ಒಂದು ತಂತ್ರ ಇದೆ. ಮಾಲು ಬೇಡ, ಆದರೆ ಬೇಡ ಎಂದು ಮುಖದ ಮೇಲೆ ಹೇಳಲೂ ಆಗದು. ಆಗ ಕೆಲವರು ದರವನ್ನೇ ಮುರಿಯುವುದಿಲ್ಲ. ಒಪ್ಪಿಕೊಂಡು, ಹೊಗಳಿ, ನಮೂನೆಯ ಚೀಲಕ್ಕೆ ಮೊಹರು ಹಾಕಿಸುವುದನ್ನು ಮಾತ್ರ ಮರೆತಂತೆ ಮಾಡುತ್ತಾರೆ. ಮಾಲು ಗೋದಾಮಿಗೆ ಬಂದ ಮೇಲೆ, ನಮೂನೆ ಬೇರೆ ಇತ್ತು ಎಂದು ತಕರಾರು ಎತ್ತುತ್ತಾರೆ. ವ್ಯವಹಾರ ಮುರಿದದ್ದು ಅವರೇ, ಆದರೆ ಮುರಿದವರಂತೆ ಕಾಣುವುದಿಲ್ಲ. ಸಂದರ್ಶನವನ್ನು ಬೇಕೆಂದೇ ಕನ್ನಡಕ್ಕೆ ಎಳೆದು, ಆಮೇಲೆ ಆ ಮಾತನ್ನು ತಾವೇ ಹೊರಗೆ ಬಿಟ್ಟು, ಅಧ್ಯಕ್ಷರು ಇದನ್ನೇ ಮಾಡಿದ್ದಾರೆ ಎಂದು ನನ್ನ ಸಂಶಯ. ನಮ್ಮ ಹೆಣ್ಣುಮಗಳನ್ನು ಆರಿಸದೆ ಇದ್ದರೆ ಮುಂದಿನ ಚುನಾವಣೆಯಲ್ಲಿ ನಮ್ಮ ಜನ ಅವರನ್ನು ಬಿಡುತ್ತಿರಲಿಲ್ಲ. ಆರಿಸಿದರೆ ಪ್ರವೇಶದ ಸಮಯದಲ್ಲಿ ಈಕೆ ಅವರ ಚೀಟಿಗೆ ಬಗ್ಗುತ್ತಿರಲಿಲ್ಲ. ಪ್ರಭಾರದಲ್ಲಿ ಕೂತವರು ಬಗ್ಗುತ್ತಾರೆ. ಕುರ್ಚಿ ಇಂದಿದೆ, ನಾಳೆ ಇಲ್ಲ, ಅಂಥವರು ಯಾರ ಚೀಟಿಯನ್ನೂ ಹಿಂದಕ್ಕೆ ಕಳಿಸುವುದಿಲ್ಲ. ಆ ವರ್ಷದ ಪ್ರವೇಶ ಅಧ್ಯಕ್ಷರಿಗೆ ಬೇಕಾದ ಹಾಗೆಯೇ ನಡೆಯಿತು. ನಮ್ಮ ಮಂಡಳಿಯ ವಕೀಲರೋ, ಪ್ರತಿ ಸಲ ಮುಂಬಯಿಗೆ ಹೋಗಿ ಮುಂದಿನ ತಾರೀಖು ತೆಗೆದುಕೊಂಡು ಬರುತ್ತಿದ್ದರು. ಒಮ್ಮೆ ಅವರಿಗೆ ಜ್ವರ, ಒಮ್ಮೆ ಕಾಗದ ಸಿದ್ಧವಿಲ್ಲ. ಪ್ರಾಧ್ಯಾಪಕಿಯ ಪರವಾಗಿಯೂ ಅದೇ ವಕೀಲರು. ಬೇರೆ ಖರ್ಚು ಯಾಕೆ ಎಂದು ಅಧ್ಯಕ್ಷರೇ ಹಾಗೆ ಏರ್ಪಾಡು ಮಾಡಿದ್ದರು.

ಕೊನೆಗೆ ಒಂದು ರವಿವಾರ ಅಧ್ಯಕ್ಷರು ನನ್ನನ್ನು ಮನೆಗೆ ಕರೆಸಿದರು. ಜೋಕಾಲಿಯ ಮೇಲೆ ಪಕ್ಕದಲ್ಲೇ ಕೂರಿಸಿಕೊಂಡರು. ಕೋರ್ಟಿಗೆ ಕೊಡಬೇಕಾದ ಅಫಿಡವಿಟ್ಟು ಟೈಪಾಗಿ ಬಂದಿತ್ತು.

"ಏನ್ ಬರದದ್ರಿ ಇದರಾಗ?"

"ಏನಿಲ್ರಿ, ಸಂದರ್ಶನ ಪೂರಾ ಇಂಗ್ಲಿಷಿನ್ಯಾಗ ಆತು ಅಂತ. ಡಾಕ್ಟರು ಸಹಿ ಮಾಡ್ಯಾರ. ನೀವೂ ಮಾಡಿಬಿಡ್ರಿ, ತಂಗಿ ಕೆಲಸ ಪಕ್ಕಾ ಆಗ್ತದ."

"ಪೂರಾ ಇಂಗ್ಲಿಷೇನ್ರಿ?"

"ಹೌದ್ರಿ."

"ನನಗ ಇಂಗ್ಲಿಷ ಬರೂದಿಲ್ಲಲ್ರಿ ಅಧ್ಯಕ್ಷರ. ನಾನೂ ಸಮಿತಿಯೊಳಗ ಇದ್ದೆ. ನಾಳೆ ಜಜ್ಜರು ಕರದು, ನೀ ಕೇಳಿದ ಪ್ರಶ್ನೆ ಇಂಗ್ಲಿಷಿನ್ಯಾಗ ಹೇಳಪಾ ಅಂದ್ರ ನಾ ಏನ್ ಹೇಳ್ಲಿ? ಗುಡ್ ಮಾರ್ನಿಂಗ್ ಅನ್ಲೇನು?"

ಅವರು ಜೋಕಾಲಿ ಅಲುಗುವಷ್ಟು ನಕ್ಕರು. "ಯಾರ್ ಕರೀತಾರ್ರಿ ನಿಮ್ಮನ್ನ! ಬರೇ ಸಹಿ."

"ಇವತ್ತ ಅಮಾಸಿರಿ. ಅಮಾಸಿ ದಿನ ನಾ ಎಂದೂ ಹೊಸಾ ಕಾಗದಕ್ಕ ಸಹಿ ಮಾಡಿಲ್ಲ. ನಾಳೆ ನೋಡೂಣು" ಎಂದು ಎದ್ದೆ. ಅಮಾವಾಸ್ಯೆ ಅಂದು ಇದ್ದದ್ದು ನನ್ನ ಅದೃಷ್ಟ. ಇಲ್ಲದಿದ್ದರೆ ಇನ್ನೇನಾದರೂ ಹುಡುಕುತ್ತಿದ್ದೆ. ನಿಮಗೂ ಹೇಳುತ್ತೇನೆ, ನಿಮಗೆ ಒಳ್ಳೆಯದಾಗಲಿ ಎಂದು ಯಾರಾದರೂ ಸಹಿ ಕೇಳಿದರೆ ಅದೇ ಕುರ್ಚಿಯಲ್ಲಿ ಕೂತು ಮಾಡಬೇಡಿ. ಎದ್ದು ಮನೆಗೆ ಬನ್ನಿ.

ದಾರಿಯುದ್ದಕ್ಕೂ ಲೆಕ್ಕ ಹಾಕಿದೆ. ಆ ಕಾಗದ ಕೋರ್ಟಿಗೆ ಹೋದರೆ, ಪ್ರತಿನಿಧಿ ಎದ್ದುನಿಂತು ಸುಳ್ಳು ಎಂದರೆ ಮುಗಿಯಿತು. ಸುಳ್ಳು ಹೇಳಿಸಿದ ಕಳಂಕ ಪ್ರಾಧ್ಯಾಪಕಿಯ ಮೇಲೆ ಬೀಳುತ್ತದೆ. ಆಯ್ಕೆ ರದ್ದಾಗುತ್ತದೆ, ಇನ್ನೊಮ್ಮೆ ಅರ್ಜಿ ಹಾಕಲು ಮುಖವೂ ಉಳಿಯುವುದಿಲ್ಲ. ಪಾಪ, ನಾವೆಲ್ಲ ಎಷ್ಟು ಪ್ರಯತ್ನ ಮಾಡಿದೆವು ಎಂದು ಅಧ್ಯಕ್ಷರು ಕಣ್ಣೊರೆಸಿಕೊಳ್ಳಬಹುದು.

ಮರುದಿನ ಸಂಜೆ ಪ್ರಾಧ್ಯಾಪಕಿಯ ಮನೆಗೆ ಹೋದೆ. ಬಾಗಿಲು ತೆರೆದವರು ಒಳಗೆ ಬನ್ನಿ ಎನ್ನಲು ತಡ ಮಾಡಿದರು. ಅವರ ತಾಯಿ ಮಂಚದ ಮೇಲೆ ಕೂತು ಮೆಂತ್ಯದ ಸೊಪ್ಪು ಸೋಸುತ್ತಿದ್ದರು.

"ಮೇಡಂ, ನಿಮ್ಮ ವಕೀಲರನ್ನ ಬದಲಿ ಮಾಡ್ರಿ" ಎಂದು ನಾನು ಕೂತ ಕೂಡಲೇ ಹೇಳಿದೆ. ಅಫಿಡವಿಟ್ಟಿನ ಸಂಗತಿ, ಮೊಣಕಾಲಿನ ಸಂಗತಿ, ಯಾರ್ಡಿನಲ್ಲಿ ಉಪಪ್ರಾಚಾರ್ಯರು ಆಡಿದ ಮಾತು, ಎಲ್ಲವನ್ನೂ ಹೇಳಿದೆ.

ಪ್ರಾಧ್ಯಾಪಕಿ ಎದ್ದು ತೆರೆದಿದ್ದ ಬಾಗಿಲು ಮುಚ್ಚಿ ಬಂದರು. "ಸಾವಕಾರ್ರ, ನಾ ಒಂದು ಕೇಳ್ತೀನಿ, ಸಿಟ್ಟಾಗಬ್ಯಾಡ್ರಿ. ಒಳಗಿನ ಮಾತು ಹೊರಗ ಹೇಳಿದವರು ನೀವ ಅಲ್ಲಲ್ಲ?"

"ಹಂಗಂತ ಯಾರು ಹೇಳಿದ್ರು ನಿಮಗ?"

"ಅಣ್ಣಾ ಹೇಳಿದ್ರು. ಯಾರ್ಡಿನವರು, ಎಲ್ಲಾ ಕಡೆ ಗಿರಾಕಿ ಇರ್ತಾವ ಅವರಿಗೆ, ಜ್ವಾಕಿ ಇರು ಅಂದ್ರು. ಉಪಪ್ರಾಚಾರ್ಯರು ನಿಮ್ಮ ಅಂಗಡಿಗೆ ಬಂದಿದ್ದೂ ಖರೆ ಅದ, ಹೌದಿಲ್ಲೋ?"

ಮೆಚ್ಚಬೇಕು ಆ ಮನುಷ್ಯನನ್ನು. ನಾನು ಹೇಳಲು ಬರುವ ಮೊದಲೇ ನನ್ನ ಮಾತಿನ ದರ ಇಳಿಸಿಟ್ಟಿದ್ದರು. ನನಗೆ ಸಿಟ್ಟು ಬರಲಿಲ್ಲ. ಸಂಶಯ ಪಡುವುದನ್ನು ಆಕೆ ಕಲಿಯುತ್ತಿದ್ದಾರಲ್ಲ ಎಂದು ಸಮಾಧಾನವೇ ಆಯಿತು. ತಿರುಗಿಸಬೇಕಾದ ದಿಕ್ಕು ಮಾತ್ರ ಬೇರೆ.

"ನನ್ನ ಮ್ಯಾಲ ಸಂಶಯ ಪಡ್ರಿ, ಬ್ಯಾಡ ಅನ್ನೂದಿಲ್ಲ" ಅಂದೆ. "ನನ್ನ ಮಾತ ಕೇಳೂದೂ ಬ್ಯಾಡ. ನಿಮ್ಮ ಪರಿಚಯದ, ನನಗೂ ಅಧ್ಯಕ್ಷರಿಗೂ ಗುರ್ತಿಲ್ಲದ ಒಬ್ಬ ವಕೀಲರ ಕಡೆ ಹೋಗ್ರಿ. ಇದ್ದದ್ದು ಇದ್ದಂಗ ಹೇಳ್ರಿ. ಅವರು ಏನಂತಾರ ಅದನ್ನ ಮಾಡ್ರಿ. ಅವರೂ ನಿಮ್ಮ ಅಣ್ಣಾ ಅಂದಂಗ ಅಂದ್ರ, ನಾನ ನಾಳೆ ಬಂದು ಆ ಇಂಗ್ಲಿಷ ಕಾಗದಕ್ಕ ಸಹಿ ಮಾಡ್ತೀನಿ."

"ಬ್ಯಾರೆ ವಕೀಲರನ್ನ ಮಾಡಿದ್ರ ಅಣ್ಣಾಗ ಎಷ್ಟು ಕೆಟ್ಟ ಅನಸ್ತದ! ಇಷ್ಟು ವರ್ಷದ ಬಳಕಿ."

ಆಗ ತಾಯಿ ಸೊಪ್ಪಿನಿಂದ ಕಣ್ಣೆತ್ತದೆ ಹೇಳಿದರು. "ಏ ಹುಡುಗಿ, ಅವಗ ಕೆಟ್ಟ ಅನಸೂದು ಇರಲಿ. ನೀ ಕುರ್ಚಿ ಮ್ಯಾಲ ಕೂಡ್ರಬೇಕಾಗಿತ್ತು, ವರ್ಷಾತು, ಇನ್ನೂ ಸ್ಟಾಫ್ ರೂಮಿನ್ಯಾಗ ಅದಿ. ಅವಾ ನಿನಗ ಎಣ್ಣಿ ಕಳಸ್ಯಾನ, ಸೀರಿ ಕಳಸ್ಯಾನ. ಕುರ್ಚಿ ಕಳಸ್ಯಾನೇನು?"

ಪ್ರಾಧ್ಯಾಪಕಿ ಎದ್ದು ಒಳಗೆ ಹೋದರು. ನೀರು ಬಿಟ್ಟ ಸದ್ದು ಬಹಳ ಹೊತ್ತು ಕೇಳಿಸಿತು. ತಾಯಿ ನನ್ನ ಕಡೆ ತಿರುಗಿ, "ತಮ್ಮಾ, ನಿನ್ನೂ ನಾ ಪೂರ್ತಿ ನಂಬೂದಿಲ್ಲ ಮತ್ತ" ಅಂದರು.

"ನಂಬಬ್ಯಾಡ್ರಿ ಆಯಿ" ಅಂದೆ.

ಅವರು ಹೋದದ್ದು ಒಬ್ಬ ಮಹಿಳಾ ವಕೀಲರ ಬಳಿಗೆ. ಪ್ರಾಧ್ಯಾಪಕಿಯ ಹಳೆಯ ವಿದ್ಯಾರ್ಥಿನಿ. ಆ ವಕೀಲರು ಹೇಳಿದ ಸಲಹೆ ನನಗೂ ಹೊಸದು. ಕನ್ನಡದಲ್ಲಿ ಮಾತಾಡಿದ್ದು ನಿಜ ಎಂದು ಒಪ್ಪಿಕೊಳ್ಳಿ. ಅದು ಅಭ್ಯರ್ಥಿಯ ತಪ್ಪಲ್ಲ, ಕೇಳಿದವರದು ಎನ್ನಿ. ಆಯ್ಕೆಯನ್ನು ಉಳಿಸಿ ಎಂದು ಕೇಳಬೇಡಿ. ಬಿಟ್ಟುಕೊಟ್ಟೆ, ಆದರೆ ಹೊಸ ಸಮಿತಿಯಿಂದ ಬೇಗನೆ ಇನ್ನೊಮ್ಮೆ ಸಂದರ್ಶನ ಮಾಡಿಸಿ ಎಂದು ಕೇಳಿ.

ಗೆದ್ದದ್ದನ್ನು ಕೈಯಾರೆ ಬಿಟ್ಟುಕೊಡಬೇಕು. ಹೊಸ ಸಮಿತಿ ಅವರನ್ನೇ ಆರಿಸುತ್ತದೆ ಎಂದು ಯಾರೂ ಬರೆದುಕೊಡುವುದಿಲ್ಲ. ಪ್ರಾಧ್ಯಾಪಕಿ ಒಂದು ವಾರ ಯೋಚಿಸಿದರು. ಆಮೇಲೆ ನನ್ನ ಅಂಗಡಿಗೆ ಫೋನು ಮಾಡಿ, "ಸಾವಕಾರ್ರ, ನಿಮ್ಮ ಧಂದೆದಾಗ ಹಿಂಗ ಮಾಡ್ತಾರೇನು?" ಎಂದು ಕೇಳಿದರು.

"ಮಾಡ್ತಾರ್ರಿ. ಸಿಕ್ಕಿಬಿದ್ದ ಮಾಲು ಕೊಳಿಯೂಕಿಂತ, ಇದ್ದ ದರಕ್ಕ ಬಿಟ್ಟು ಹೊಸಾದು ಎತ್ತೂದು ಛಲೋ. ಆದ್ರ ಹೊಸಾದು ಸಿಗ್ತದಂತ ನಾ ಆಣಿ ಮಾಡೂದಿಲ್ಲ."

"ಅಷ್ಟ ಸಾಕು" ಎಂದು ಫೋನು ಇಟ್ಟರು. ಮರುದಿನ ಕಾಗದಕ್ಕೆ ಸಹಿ ಮಾಡಿದರು.

ನಾನೂ ನನ್ನ ಅಫಿಡವಿಟ್ಟನ್ನು ಮರಾಠಿಯಲ್ಲಿ ಬರೆಸಿದೆ. ನನಗೆ ಇಂಗ್ಲಿಷ್ ಬರುವುದಿಲ್ಲ ಎಂಬುದು ಅದರ ಮೊದಲ ಸಾಲು. ಆಮೇಲೆ ಯಾರು ಯಾವ ಭಾಷೆಯಲ್ಲಿ ಏನು ಕೇಳಿದರು, ಏನು ಉತ್ತರ ಬಂತು, ಎಲ್ಲ. ಬೆಕ್ಕು ಓಡಿಹೋದದ್ದನ್ನೂ ಬರೆಸಿದೆ. ವಕೀಲರು ಬೇಡ ಅಂದರು, ನಾನು ಇರಲಿ ಅಂದೆ. ಇಂಥ ಸಣ್ಣ ಮಾತನ್ನು ಸುಳ್ಳು ಹೇಳುವವನು ಬರೆಸುವುದಿಲ್ಲ.

ವಿಚಾರಣೆಯ ದಿನ ಬೆಳಗಿನ ರೈಲಿಗೆ ಮುಂಬಯಿಗೆ ಹೋದೆವು. ಪ್ರಾಧ್ಯಾಪಕಿ ಖಂಡಾಲ ಘಾಟಿನ ಸುರಂಗಗಳಲ್ಲಿ ಕಣ್ಣು ಮುಚ್ಚಿಕೊಂಡೇ ಕೂತಿದ್ದರು. ನಮ್ಮ ಸರದಿ ಬಂದದ್ದು ಊಟದ ಹೊತ್ತಿಗೆ. ಮಂಡಳಿಯ ವಕೀಲರು ಮತ್ತೆ ತಾರೀಖು ಕೇಳಲು ಬಾಯಿ ತೆರೆದರು. ನ್ಯಾಯಮೂರ್ತಿಗಳು ಕೈಯೆತ್ತಿ ತಡೆದು, ಪೂರಾ ಇಂಗ್ಲಿಷ್ ಎಂದು ಡಾಕ್ಟರು ಸಹಿ ಮಾಡಿದ ಕಾಗದವನ್ನೂ, ಇಂಗ್ಲಿಷೇ ಬಾರದು ಎಂಬ ನನ್ನ ಕಾಗದವನ್ನೂ ಅಕ್ಕಪಕ್ಕ ಇಟ್ಟುಕೊಂಡು, ಇದರಲ್ಲಿ ಯಾವುದು ನಿಮ್ಮ ಸಂಸ್ಥೆಯ ಮಾತು ಎಂದು ಕೇಳಿದರು. ವಕೀಲರು ಅಧ್ಯಕ್ಷರ ಕಡೆ ನೋಡಿದರು. ಅಧ್ಯಕ್ಷರು ನನ್ನ ಕಡೆ ನೋಡಿದರು. ನಾನು ಮೇಲೆ ತಿರುಗುತ್ತಿದ್ದ ಪಂಖವನ್ನು ನೋಡಿದೆ.

ಆಯ್ಕೆ ರದ್ದಾಯಿತು. ಹಳೆಯ ಸಮಿತಿಯವರು ಯಾರೂ ಇಲ್ಲದ ಹೊಸ ಸಮಿತಿ, ಎಲ್ಲರಿಗೂ ತಿಳಿಯುವ ಭಾಷೆಯಲ್ಲಿ, ಮುಂದಿನ ಪ್ರವೇಶ ಶುರುವಾಗುವ ಮೊದಲೇ ಸಂದರ್ಶನ ಮುಗಿಸಬೇಕು ಎಂದು ಆಜ್ಞೆಯಾಯಿತು. ಉಪಪ್ರಾಚಾರ್ಯರು ಹೊರಗೆ ಬಂದು ಪ್ರಾಧ್ಯಾಪಕಿಗೆ ಕೈಮುಗಿದರು. ಅವರಿಗೂ ಬೇಕಾದದ್ದು ಅದೇ ಆಗಿತ್ತೋ ಏನೋ.

ಹೊಸ ಸಂದರ್ಶನದಲ್ಲಿ ಪ್ರಾಧ್ಯಾಪಕಿ ಏನು ಹೇಳಿದರೋ ನನಗೆ ಗೊತ್ತಿಲ್ಲ, ನಾನು ಒಳಗಿರಲಿಲ್ಲ. ಅದೇ ಸಂಜೆಯ ಕಾಲೇಜು, ಅದೇ ಗ್ರಂಥಾಲಯ ಇರಬೇಕು. ಅವರೇ ಆಯ್ಕೆಯಾದರು. ಈ ಸಲ ಮಾನ್ಯತೆ ತಡವಿಲ್ಲದೆ ಬಂತು. ಉಳಿದದ್ದು ಎರಡು ವರ್ಷಕ್ಕೂ ಕಡಿಮೆ ಸೇವೆ, ಆದರೆ ಕುರ್ಚಿ ಪೂರ್ತಿ ಅವರದು.

ಅವರು ಅಧಿಕಾರ ತೆಗೆದುಕೊಂಡ ವಾರ ನಾನು ಸಲಹೆ ಕೊಡಲೆಂದು ಹೋದೆ. ಕೊಡಬೇಕಾದ ಸಲಹೆಗಳು ಬಹಳ ಇದ್ದವು. ಅವರು ಎರಡನ್ನು ಕೇಳಿ ಮೂರನೆಯದಕ್ಕೆ ಕೈ ಅಡ್ಡ ಹಿಡಿದರು.

"ಸಾಕ್ರಿ ಸಾವಕಾರ್ರ. ನಿನ್ನೆ ನಮ್ಮ ಆಫೀಸಿನ ಸಿಪಾಯಿ ಚಹಾದಾಗ ಯಾಲಕ್ಕಿ ಹಾಕಿ ತಂದಿದ್ದ. ಇವಗ ಏನ್ ಬೇಕಾಗೇದ ಅಂತ ನಾ ಅರ್ಧಾ ತಾಸು ವಿಚಾರ ಮಾಡಿದೆ. ಯಾಲಕ್ಕಿ ಚಹಾ ನನಗ ಸೇರ್ತದಂತ ಅವಗ ಗೊತ್ತಿತ್ತು, ಅಷ್ಟ."

"ಪ್ರಿನ್ಸಿಪಾಲರಿಗೆ ಅಷ್ಟು ವಿಚಾರ ಬೇಕ್ರಿ."

"ಪ್ರಿನ್ಸಿಪಾಲರಿಗೆ ಬೇಕು. ಮನೀಗೂ ಹೊತಗೊಂಡು ಹೋಗ್ತೀನಲ್ಲ, ಅದಕ್ಕೇನ್ ಮಾಡ್ಲಿ?"

ಉತ್ತರ ಹುಡುಕುವಷ್ಟರಲ್ಲಿ ಅಧ್ಯಕ್ಷರು ಬಾಗಿಲು ತಳ್ಳಿಕೊಂಡು ಬಂದರು. ಬಾಗಿಲು ತಟ್ಟುವ ರೂಢಿ ಅವರಿಗೆ ಎಂದೂ ಇರಲಿಲ್ಲ. ಆಕೆ ಅರ್ಧ ಎದ್ದರು, ಮತ್ತೆ ಕೂತರು. "ಬರ್ರಿ ಸರ್" ಅಂದರು. ಅಣ್ಣಾ ಅನ್ನಲಿಲ್ಲ.

ಅಧ್ಯಕ್ಷರ ಮುಖ ಒಂದು ಕ್ಷಣ ಬರಿದಾಯಿತು. ಜೇಬಿಗೆ ಹೋಗಿದ್ದ ಕೈ ಅಲ್ಲೇ ನಿಂತಿತು. ಒಳಗೆ ಚೀಟಿ ಇತ್ತೋ, ಬರೀ ಕರ್ಚೀಫು ಇತ್ತೋ, ಕೈ ಹೊರಗೆ ಬರಲಿಲ್ಲ. "ಹಂಗ ಸುಮ್ನ ಬಂದಿದ್ದೆವಾ, ನೋಡಿ ಹೋಗೂಣಂತ" ಅಂದರು. ಆಕೆ ಚಹಾ ತರಿಸಲೇ ಎಂದು ಕೇಳಿದರು. ಅವರು ಬೇಡ ಅಂದರು. ನಾವಿಬ್ಬರೂ ಒಟ್ಟಿಗೇ ಹೊರಬಿದ್ದೆವು.

ಮೆಟ್ಟಿಲು ಇಳಿಯುವಾಗ ಅವರು ಕೇಳಿದರು, "ಸಾವಕಾರ್ರ, ನೀವು ನನ್ನ ಮ್ಯಾಲ ಸಂಶಯ ಪಟ್ರಿ, ಹೌದಿಲ್ಲೋ?"

"ನಾ ಎಲ್ಲಾರ ಮ್ಯಾಲೂ ಪಡ್ತೀನ್ರಿ. ನಿಮ್ಮೊಬ್ಬರನ್ನ ಬಿಟ್ರ ನಿಮಗ ಅವಮಾನ ಅಲ್ಲೇನ್ರಿ?"

ಅವರು ಈ ಸಲ ನಗಲಿಲ್ಲ. ತಮ್ಮ ಕಾರಿನಲ್ಲಿ ಯಾರ್ಡಿನವರೆಗೆ ಬಿಡುತ್ತೇನೆ ಅಂದರು. ನಾನು ಹತ್ತಿದೆ, ಮನುಷ್ಯನನ್ನು ಹತ್ತಿರದಿಂದ ನೋಡುವ ಅವಕಾಶ ಸಿಕ್ಕರೆ ಬಿಡಬಾರದು. ಬೆಕ್ಕಿನ ಮಾತಿಗೆ ನಕ್ಕಿದ್ದ ಡಾಕ್ಟರು ಅಂದು ನಿಜವಾಗಿ ನಿದ್ದೆ ಮಾಡಿದ್ದರೋ, ಕಣ್ಣು ಮುಚ್ಚಿ ಎಲ್ಲ ಕೇಳಿಸಿಕೊಂಡು ಆಮೇಲೆ ತಮ್ಮ ಕ್ಲಿನಿಕ್ಕಿನಲ್ಲಿ ಯಾರದಾದರೂ ಹಲ್ಲು ಕೀಳುತ್ತಾ ತಮಾಷೆಗೆ ಹೇಳಿಬಿಟ್ಟಿದ್ದರೋ ಎಂಬ ಹೊಸ ಯೋಚನೆ ನನ್ನ ತಲೆಗೆ ಬಂದದ್ದು ಆ ಕಾರಿನಲ್ಲಿ ಕೂತಾಗಲೇ. ಹಾಗೇನಾದರೂ ಆಗಿದ್ದರೆ, ಪಕ್ಕದಲ್ಲಿ ಕೂತ ಮನುಷ್ಯ ಬರೀ ಮಾತುಗಾರ, ತಂಗಿಯನ್ನು ಕಂಡು ಭಾಷೆ ಮರೆತವನು. ಹಾಗಿದ್ದರೂ ಆ ಇಂಗ್ಲಿಷ್ ಕಾಗದಕ್ಕೆ ನಾನು ಸಹಿ ಮಾಡುತ್ತಿರಲಿಲ್ಲ. ವಕೀಲರನ್ನು ಬದಲಿಸಿ ಎಂದೇ ಹೇಳುತ್ತಿದ್ದೆ.

ಸಿಗ್ನಲ್ಲಿನಲ್ಲಿ ಕಾರು ನಿಂತಿತು. ಹಿಂಜವಾಡಿಯ ಹೊಸ ಸಾಫ್ಟ್‌ವೇರ್ ಕಂಪನಿಯ ಬಸ್ಸೊಂದು ನಮ್ಮ ಪಕ್ಕಕ್ಕೆ ಬಂದು ನಿಂತಿತು, ಒಳಗೆ ಎಲ್ಲರೂ ನಿದ್ದೆಯಲ್ಲಿದ್ದರು. ಅಧ್ಯಕ್ಷರು ಅತ್ತಲೇ ನೋಡುತ್ತಾ, "ಕಾಲೇಜು ಛಲೋ ನಡಸ್ತಾಳ ಬಿಡ್ರಿ ತಂಗಿ" ಅಂದರು.

ನಾನು ಅವರ ಮುಖ ನೋಡಲು ಬಗ್ಗಿದೆ. ಅವರು ಕಿಟಕಿಯ ಕಡೆ ಇನ್ನಷ್ಟು ತಿರುಗಿಕೊಂಡರು. ಯಾರ್ಡು ಬರುವವರೆಗೂ ಹಾಗೆಯೇ ಇದ್ದರು.